ಮಣ್ಣು ಎಷ್ಟೊತ್ತಿಗೆ?

(ಪರಿಸರಕ್ಕೆ ಹೊರೆಯಾಗದ ಅಂತ್ಯಕ್ರಿಯೆಯ ಬಗ್ಗೆ ವಿಜಯಪುರದಲ್ಲಿ ಹಿರಿಯ ನಾಗರಿಕರ ಸಭೆಯೊಂದರಲ್ಲಿ ಆಡಿದ ಮಾತುಗಳ ಬರಹ ರೂಪ. ವೇಳೆ ಸಾಲದೆ ಅಲ್ಲಿ ಬಿಟ್ಟುಹೋದ ಕೆಲವು ವಿವರಗಳನ್ನು ಇಲ್ಲಿ ಸೇರಿಸಿದ್ದೇನೆ.)

ನಮ್ಮ ಕಡೆ ಯಾರಾದರೂ ತೀರಿಕೊಂಡ ಸುದ್ದಿ ಬಂದರೆ, ಹೇಗಾಯಿತು, ಯಾವಾಗ ಆಯಿತು ಎಂದು ವಿಚಾರಿಸಿದ ಮೇಲೆ ಕೇಳುವ ಪ್ರಶ್ನೆ ಒಂದೇ: 'ಮಣ್ಣು ಎಷ್ಟೊತ್ತಿಗೆ?' ಅಂತ್ಯಕ್ರಿಯೆ, ಅಂತ್ಯಸಂಸ್ಕಾರ ಎಂಬ ಪದಗಳು ಪತ್ರಿಕೆಯಲ್ಲಿ ಕಾಣುತ್ತವೆಯೇ ಹೊರತು ನಮ್ಮ ಬಾಯಲ್ಲಿ ಬರುವುದಿಲ್ಲ. ಬೀಗರ ಊರಿನಿಂದ ತಡವಾಗಿ ಮರಳಿದವನು 'ಮಣ್ಣಿಗೆ ಹೋಗಿದ್ದೆ' ಎನ್ನುತ್ತಾನೆ. ಸುಡುವ ಪದ್ಧತಿಯಿರುವ ಮನೆಗೆ ಹೋಗಿ ಬಂದವನೂ ಎಷ್ಟೋ ಸಲ ಹಾಗೆಯೇ ಅನ್ನುತ್ತಾನೆ. ಕೊನೆಯ ಕಾರ್ಯಕ್ಕೆ ಮಣ್ಣೆಂದೇ ಹೆಸರಿಟ್ಟುಕೊಂಡ ಜನ ನಾವು. ಕೃಷಿ ವಿದ್ಯಾರ್ಥಿಗಳಿಗೆ ಮೂವತ್ತು ವರ್ಷ ಮಣ್ಣಿನ ಪಾಠ ಹೇಳಿದ ನನಗೆ ನಿವೃತ್ತಿಯಾಗುವವರೆಗೂ ಈ ಮಾತಿನ ಕಡೆ ಲಕ್ಷ್ಯ ಹೋಗಿರಲಿಲ್ಲವೆಂದು ಒಪ್ಪಿಕೊಂಡೇ ವಿಷಯಕ್ಕೆ ಬರುತ್ತೇನೆ.

ಲಕ್ಷ್ಯ ಹೋದದ್ದು ಅವ್ವ ತೀರಿಕೊಂಡ ದಿನ. ನಮ್ಮ ಮನೆತನದಲ್ಲಿ ಸ್ವಂತ ಹೊಲದಲ್ಲಿಯೇ ಮಣ್ಣು ಮಾಡುವ ರೂಢಿ. ಹದಿನೆಂಟು ವರ್ಷಗಳ ಹಿಂದೆ ಅಪ್ಪನನ್ನು ಇಟ್ಟ ಜಾಗದ ಮಗ್ಗುಲಲ್ಲಿಯೇ ತನ್ನನ್ನೂ ಇಡಬೇಕೆಂದು ಅವ್ವ ಬಹಳ ಸಲ ಹೇಳಿದ್ದಳು. ಆದರೆ ಅಪ್ಪನ ಮೇಲೆ ನಾವು ಸಿಮೆಂಟಿನ ಕಟ್ಟೆ ಕಟ್ಟಿಸಿ ಟೈಲ್ಸ್ ಹಾಕಿಸಿದ್ದೆವು; ಮಗ್ಗುಲಲ್ಲಿ ಕುಣಿ ತೆಗೆಯಬೇಕಾದರೆ ಅದರ ಒಂದು ಬದಿಯನ್ನು ಒಡೆಯದೆ ಗತ್ಯಂತರವಿರಲಿಲ್ಲ. ಕಬ್ಬಿಣದ ಹಾರಿ ಹಾಕಿ ಒಡೆದರು. ಎರಿ (ಕಪ್ಪು) ಮಣ್ಣಿನ ಗೋಡೆ ಒಂದಿಷ್ಟು ಜರಿಯಿತು. ಅಪ್ಪನಿದ್ದ ಆಳಕ್ಕೆ ನಾವು ಹೋಗಲಿಲ್ಲ, ಹೋಗುವ ಅಗತ್ಯವೂ ಇರಲಿಲ್ಲ; ಜರಿದು ಬಿದ್ದದ್ದು ಅಂದು ಮೇಲೆ ತುಂಬಿದ್ದ ಮಣ್ಣಷ್ಟೇ. ಆ ಹೆಂಟೆಗಳ ನಡುವೆ ಒಂದು ಹಾರ ಕಾಣಿಸಿತು. ನೈಲಾನ್ ದಾರದಲ್ಲಿ ಪೋಣಿಸಿದ ಪ್ಲಾಸ್ಟಿಕ್ ಹೂವಿನ ಹಾರ. ಅದರ ಗುಲಾಬಿ ಬಣ್ಣ ಸ್ವಲ್ಪವೂ ಮಾಸಿರಲಿಲ್ಲ. ಅದಕ್ಕೆ ಸುತ್ತಿಕೊಂಡಂತೆ ಯಾರೋ ಹೊದಿಸಿದ್ದ ಶಾಲಿನ ಜರಿ ಅಂಚು. ಅದೇ ದಿನ ಅದೇ ಕುಣಿಗೆ ಬಿದ್ದಿದ್ದ ಬಿಲ್ವಪತ್ರೆ, ಚೆಂಡುಹೂವು, ಬಿದಿರಿನ ದಬ್ಬೆ, ಬಾಳೆಯ ದಿಂಡು ಯಾವುದರ ಗುರುತೂ ಅಲ್ಲಿರಲಿಲ್ಲ. ಕುಣಿ ತೆಗೆಯುತ್ತಿದ್ದ ಹಿರಿಯರು ಹಾರವನ್ನು ಸಲಿಕೆಯ ತುದಿಯಿಂದ ಎತ್ತಿ ಬದಿಗಿಟ್ಟು, 'ಇದು ನಾವೆಲ್ಲಾ ಹೋದ ಮ್ಯಾಲೂ ಇರತೈತಿ ನೋಡ್ರಿ ಸರ' ಎಂದರು. ತಿರಸ್ಕಾರದಿಂದ ಅಂದದ್ದಲ್ಲ, ಇದ್ದದ್ದನ್ನು ಇದ್ದ ಹಾಗೆ ಹೇಳಿದರು. ಇಂದಿನ ನನ್ನ ಮಾತೆಲ್ಲ ಆ ಹಾರದಿಂದ ಹೊರಟದ್ದು.

ನಮ್ಮ ಭಾಗದಲ್ಲಿ ಹೂಳುವ ಪದ್ಧತಿ ಯಾವ ಒಂದು ಸಮುದಾಯದ್ದೂ ಅಲ್ಲ. ಲಿಂಗಾಯತರು ಹೂಳುತ್ತಾರೆ, ಮುಸಲ್ಮಾನರು ಹೂಳುತ್ತಾರೆ, ಕ್ರೈಸ್ತರು ಹೂಳುತ್ತಾರೆ, ದಲಿತರಲ್ಲಿಯೂ ಇತರ ಅನೇಕ ಸಮುದಾಯಗಳಲ್ಲಿಯೂ ಹೂಳುವವರೇ ಬಹಳ. ಲಿಂಗಾಯತರ ಕ್ರಮದಲ್ಲಿ ದೇಹವನ್ನು ಕುಳ್ಳಿರಿಸಿ, ಎಡಗೈಯಲ್ಲಿ ಇಷ್ಟಲಿಂಗವಿರಿಸಿ, ಬಿದಿರು, ಹೂವಿನಿಂದ ಕಟ್ಟಿದ ವಿಮಾನದಲ್ಲಿ ಮೆರವಣಿಗೆಯಾಗಿ ಒಯ್ದು, ಕುಣಿಯ ಒಂದು ಬದಿಗೆ ಕೊರೆದ ಗೂಡಿನಲ್ಲಿ ಕೂರಿಸಿ, ವಿಭೂತಿ ಮತ್ತು ಬಿಲ್ವಪತ್ರೆಯೊಂದಿಗೆ ಮಣ್ಣು ಕೊಡುತ್ತಾರೆ. ಮುಸಲ್ಮಾನರಲ್ಲಿ ಹೊಲಿಗೆಯಿಲ್ಲದ ಬಿಳಿಯ ಬಟ್ಟೆ, ಗಂಡಸರಿಗೆ ಮೂರು, ಹೆಂಗಸರಿಗೆ ಐದು. ಪೆಟ್ಟಿಗೆಯಿಲ್ಲದೆ ದೇಹವನ್ನು ನೇರವಾಗಿ ನೆಲಕ್ಕೇ ಒಪ್ಪಿಸುತ್ತಾರೆ. ಹೊತ್ತೊಯ್ಯುವ ಜನಾಜೆಯ ಡೋಲಿ ಇಡೀ ಮೊಹಲ್ಲಾಕ್ಕೆ ಒಂದೇ. ಅದು ಮಸೀದಿಗೆ ಮರಳಿ ಮುಂದಿನವರಿಗಾಗಿ ಕಾಯುತ್ತದೆ. ಒಂದು ಸಾಮ್ಯವನ್ನು ಗಮನಿಸಬೇಕು. ಗಟ್ಟಿ ನೆಲವಿದ್ದಲ್ಲಿ ಅವರೂ ಕಬರಿನ ಒಂದು ಬದಿಗೆ ಗೂಡು ಕೊರೆಯುತ್ತಾರೆ. ಅದಕ್ಕೆ ಬಗಲಿ ಕಬರ್ ಎನ್ನುತ್ತಾರೆ. ತೀರಿಕೊಂಡವರ ಮುಖದ ಮೇಲೆ ನೇರವಾಗಿ ಮಣ್ಣು ಸುರಿಯಬಾರದೆಂಬ ಅಂತಃಕರಣ ಎರಡೂ ಕಡೆ ಒಂದೇ ಉಪಾಯವನ್ನು ಹುಡುಕಿಸಿದೆ. ಮಣ್ಣಿನ ಪಾಠದ ದೃಷ್ಟಿಯಿಂದಲೂ ಆ ಗೂಡು ಒಳ್ಳೆಯದೇ. ಅಲ್ಲಿ ಉಳಿಯುವ ಗಾಳಿ ಮುಂದಿನ ಕೆಲಸಕ್ಕೆ ಬೇಕಾಗುತ್ತದೆ.

ಆ ಕೆಲಸ ಯಾವುದೆಂದು ಒಂದಿಷ್ಟು ಬಿಡಿಸಿ ಹೇಳುತ್ತೇನೆ. ಮನುಷ್ಯನ ದೇಹದಲ್ಲಿ ನೂರಕ್ಕೆ ಅರವತ್ತು ಪಾಲು ನೀರು. ಉಳಿದದ್ದರಲ್ಲಿ ಸಾರಜನಕ ಹೆಚ್ಚು, ಆದ್ದರಿಂದ ಸೂಕ್ಷ್ಮಜೀವಿಗಳಿಗೆ ಅದು ಒಳ್ಳೆಯ ಆಹಾರ. ಆದರೆ ಸೂಕ್ಷ್ಮಜೀವಿಗಳು ಎಲ್ಲ ಆಳದಲ್ಲಿಯೂ ಒಂದೇ ಸಮನಾಗಿ ಇರುವುದಿಲ್ಲ. ಬೇರು, ಎರೆಹುಳು, ಗಾಳಿ, ತೇವ ಎಲ್ಲ ಸೇರಿ ಜೀವ ಹಿಡಿದಿರುವುದು ನೆಲದ ಮೇಲಿನ ಮೂರು-ನಾಲ್ಕು ಅಡಿಗಳಲ್ಲಿ. ಅದಕ್ಕಿಂತ ಕೆಳಗೆ ಹೋದಷ್ಟೂ ಗಾಳಿ ಕಡಿಮೆಯಾಗಿ, ಕೊಳೆಯುವಿಕೆ ನಿಧಾನವಾಗಿ, ಇಂಗಾಲದ ಡೈಆಕ್ಸೈಡಿನ ಬದಲು ಮೀಥೇನ್ ಹುಟ್ಟುವ ದಾರಿಗೆ ಬೀಳುತ್ತದೆ. ಪರಿಸರ ಸ್ನೇಹಿ ಸಮಾಧಿಯ ಕೆಲಸ ಮಾಡುವವರು ಹೊರದೇಶಗಳಲ್ಲಿ ಮೂರರಿಂದ ನಾಲ್ಕು ಅಡಿ ಆಳ ಸಾಕೆನ್ನುವುದು ಇದೇ ಕಾರಣಕ್ಕೆ. ನಾಯಿ-ನರಿ ಕೆದರದಷ್ಟು ಆಳವಿರಬೇಕು, ಮಣ್ಣು ಉಸಿರಾಡದಷ್ಟು ಆಳವಿರಬಾರದು. ಹೆಚ್ಚು ಆಳ ತೆಗೆದಷ್ಟೂ ಹೆಚ್ಚು ಗೌರವವೆಂಬ ಭಾವನೆ ನಮ್ಮಲ್ಲಿದೆ. ಮಣ್ಣಿಗೆ ಅದು ತಿಳಿಯದು.

ಇದರ ಜೊತೆಗೆ ನಮ್ಮ ನೆಲದ ಗುಣವನ್ನೂ ನೋಡಬೇಕು. ವಿಜಯಪುರದ ಸುತ್ತಲಿನ ಎರಿ ಭೂಮಿ ಬೇಸಿಗೆಯಲ್ಲಿ ಕೈ ಹೋಗುವಷ್ಟು ಬಿರಿಯುತ್ತದೆ, ಮಳೆ ಬಿದ್ದರೆ ಉಬ್ಬಿ ಮುಚ್ಚಿಕೊಳ್ಳುತ್ತದೆ, ನೀರನ್ನು ಬೇಗ ಬಿಟ್ಟುಕೊಡುವುದಿಲ್ಲ. ಮಳೆಗಾಲದಲ್ಲಿ ಇಂಥ ಮಣ್ಣಿನ ಆಳದಲ್ಲಿ ಗಾಳಿಯೇ ಇರುವುದಿಲ್ಲವಾದ್ದರಿಂದ ದೇಹ ಕರಗುವುದು ತಡ. ಬೆಳಗಾವಿಯ ಪಶ್ಚಿಮದ ಕೆಂಪು ಜಂಬಿಟ್ಟಿಗೆಯ ನೆಲದಲ್ಲಿ ಅಥವಾ ಬಾದಾಮಿ ಕಡೆಯ ಮರಳುಕಲ್ಲಿನ ಸಡಿಲ ಮಣ್ಣಿನಲ್ಲಿ ನೀರು ಬೇಗ ಇಳಿಯುತ್ತದೆ, ಗಾಳಿ ಆಡುತ್ತದೆ. ಎರಿಯಲ್ಲಿ ಹೂಳುವವರು ಕುಣಿಯ ತಳಕ್ಕೆ ಒಂದು ಬುಟ್ಟಿ ಗರಸು, ಅದರ ಮೇಲೆ ಜೋಳದ ಕಣಿಕೆ ಅಥವಾ ಒಣ ಹೊಟ್ಟು ಹಾಸಿದರೆ ನೀರೂ ಬಸಿಯುತ್ತದೆ, ಸಾರಜನಕಕ್ಕೆ ಜೊತೆಯಾಗಿ ಬೇಕಾದ ಇಂಗಾಲವೂ ಸಿಗುತ್ತದೆ. ಹೊಸ ವಿಚಾರವೇನಲ್ಲ, ತಿಪ್ಪೆಗೆ ಸಗಣಿಯ ಜೊತೆ ಕಸಕಡ್ಡಿ ಯಾಕೆ ಹಾಕುತ್ತೇವೆಂದು ತಿಳಿದ ಯಾವ ರೈತನಿಗೂ ಇದು ಗೊತ್ತು. ತಿಪ್ಪೆಯ ಹೋಲಿಕೆ ಕೊಟ್ಟದ್ದಕ್ಕೆ ಸಭೆಯಲ್ಲಿ ಒಬ್ಬ ಹಿರಿಯರು ಬೇಸರಪಟ್ಟರು. ಅವರ ಬೇಸರ ಸರಿಯೇ, ಆದರೆ ಬೇರೆ ಹೋಲಿಕೆ ನನಗೆ ಇನ್ನೂ ಸಿಕ್ಕಿಲ್ಲ.

ಉಪ್ಪಿನ ಮಾತನ್ನು ಇಲ್ಲಿಯೇ ಹೇಳಿಬಿಡುತ್ತೇನೆ. ಕುಣಿಗೆ ಉಪ್ಪು ಸುರಿಯುವ ರೂಢಿ ನಮ್ಮಲ್ಲಿ ಇದೆ. ಮೊದಲು ಬೊಗಸೆಯಲ್ಲಿದ್ದದ್ದು ಈಗ ಚೀಲಗಟ್ಟಲೆ ಆಗಿದೆ. ದೇಹ ಬೇಗ ಕರಗಲಿ ಎಂದು ಹಾಕುತ್ತೇವೆಂದು ಬಹಳ ಜನ ನಂಬಿದ್ದಾರೆ. ಮಾವಿನಕಾಯಿ ವರ್ಷವಿಡೀ ಕೆಡದಿರಲೆಂದು ಜಾಡಿಗೆ ಹಾಕುವುದೂ ಇದೇ ಉಪ್ಪನ್ನೇ. ಉಪ್ಪು ಸೂಕ್ಷ್ಮಜೀವಿಗಳನ್ನು ತಡೆಯುತ್ತದೆ. ಮೇಲಾಗಿ ಅದರ ಸೋಡಿಯಂ ಎರಿ ಮಣ್ಣಿನ ಕಣಗಳನ್ನು ಬಿಡಿಸಿ, ನೀರು ಇಳಿಯದ ಹಾಗೆ ಮಾಡುತ್ತದೆ. ಡೋಣಿ ನದಿಯ ದಂಡೆಯ ಸವಳು ಭೂಮಿ ನೋಡಿದವರಿಗೆ ಸೋಡಿಯಂ ಏನು ಮಾಡಬಲ್ಲುದೆಂದು ನಾನು ವಿವರಿಸಬೇಕಾಗಿಲ್ಲ. ಒಂದು ಹಿಡಿ ಉಪ್ಪು ಸಂಪ್ರದಾಯಕ್ಕೆ ಸಾಕು. ವಿಭೂತಿಯ ವಿಷಯದಲ್ಲಿ ನನ್ನದೇನೂ ತಕರಾರಿಲ್ಲ, ಅದು ಸಗಣಿಯ ಬೂದಿಯದೇ ಆಗಿದ್ದರೆ. ಬಾದಾಮಿ ತಾಲ್ಲೂಕಿನ ಶಿವಯೋಗಮಂದಿರದಲ್ಲಿ ಗೋಮಯದಿಂದ ವಿಭೂತಿ ಮಾಡುವುದನ್ನು ನೋಡಿದವರು ಆ ಗಟ್ಟಿಯ ಹಗುರವನ್ನು ಕೈಯಲ್ಲೇ ಗುರುತಿಸುತ್ತಾರೆ. ಪೇಟೆಯಲ್ಲಿ ಆ ಹೆಸರಿನಲ್ಲಿ ಸಿಗುವ ಬಿಳಿಯ ಗಟ್ಟಿಯೆಲ್ಲ ವಿಭೂತಿಯಲ್ಲ.

ಅಮೆರಿಕದಲ್ಲಿ 1861ರಿಂದ 65ರವರೆಗೆ ನಡೆದ ಅಂತರ್ಯುದ್ಧದ ಕಾಲದಲ್ಲಿ, ದೂರದಲ್ಲಿ ಸತ್ತ ಸೈನಿಕರ ದೇಹಗಳನ್ನು ಮನೆಗೆ ಮುಟ್ಟಿಸಲು ರಾಸಾಯನಿಕ ತುಂಬಿ ಕೆಡದಂತೆ ಇಡುವ ಪದ್ಧತಿ ಬೆಳೆಯಿತು. ಯುದ್ಧ ಮುಗಿದರೂ ಪದ್ಧತಿ ಹೋಗಲಿಲ್ಲ. ಫಾರ್ಮಾಲ್ಡಿಹೈಡ್ ತುಂಬಿದ ದೇಹ, ಅದಕ್ಕೆ ಗಟ್ಟಿ ಮರದ ಅಥವಾ ಲೋಹದ ಪೆಟ್ಟಿಗೆ, ಪೆಟ್ಟಿಗೆಗೆ ನೆಲದೊಳಗೆ ಕಾಂಕ್ರೀಟಿನ ಗೂಡು, ಎಲ್ಲದರ ಮೇಲೆ ನೀರು ಕುಡಿಯುವ ಹುಲ್ಲುಹಾಸು. ಹೀಗೆ ವರ್ಷಕ್ಕೆ ಸುಮಾರು 16 ಲಕ್ಷ ಟನ್ ಕಾಂಕ್ರೀಟನ್ನು ಅಲ್ಲಿ ನೆಲಕ್ಕೆ ಹೂಳುತ್ತಾರೆಂಬುದು ಅಲ್ಲಿಯ ಹಸಿರು ಸಮಾಧಿ ಚಳವಳಿಯವರ ಅಂದಾಜು. ಇದಕ್ಕೆ ಬೇಸತ್ತವರು ಬೇರೆ ದಾರಿ ಹುಡುಕಿದರು. 1993ರಲ್ಲಿ ಇಂಗ್ಲೆಂಡಿನ ಕಾರ್ಲೈಲ್ ನಗರದ ಸ್ಮಶಾನದಲ್ಲಿ ಕೆನ್ ವೆಸ್ಟ್ ಎಂಬ ಅಧಿಕಾರಿ, ಕಲ್ಲಿನ ಬದಲು ಗಿಡ ನೆಟ್ಟು ಕಾಡಾಗುವ ಸಮಾಧಿ ಸ್ಥಳವನ್ನು ಆರಂಭಿಸಿದರು. 1998ರಲ್ಲಿ ಅಮೆರಿಕದ ದಕ್ಷಿಣ ಕೆರೊಲಿನಾದಲ್ಲಿ ರಾಮ್ಸೆ ಕ್ರೀಕ್ ಎಂಬಲ್ಲಿ, ಸಮಾಧಿಗೆಂದು ಬಂದ ಹಣದಿಂದಲೇ ಕಾಡನ್ನು ಕಾಯುವ ಏರ್ಪಾಡು ಶುರುವಾಯಿತು. 2019ರಲ್ಲಿ ವಾಷಿಂಗ್ಟನ್ ರಾಜ್ಯ, ದೇಹವನ್ನು ಕಟ್ಟಿಗೆಯ ಚೂರು, ಕುದುರೆ ಮಸಾಲೆ ಸೊಪ್ಪು ಮತ್ತು ಹುಲ್ಲಿನ ಜೊತೆ ಉಕ್ಕಿನ ಪಾತ್ರೆಯಲ್ಲಿಟ್ಟು ಮಣ್ಣಾಗಿಸುವ ವಿಧಾನಕ್ಕೆ ಕಾನೂನಿನ ಒಪ್ಪಿಗೆ ಕೊಟ್ಟಿತು. ಬಟ್ಟೆಯಲ್ಲಿ ಸುತ್ತಿ, ಪೆಟ್ಟಿಗೆಯಿಲ್ಲದೆ, ರಾಸಾಯನಿಕವಿಲ್ಲದೆ ನೆಲಕ್ಕೆ ಒಪ್ಪಿಸುವುದನ್ನು ಅವರು ಹಣ ಕೊಟ್ಟು ಹೊಸದಾಗಿ ಕಲಿಯುತ್ತಿರುವ ಹೊತ್ತಿನಲ್ಲಿ ನಾವು ಅದನ್ನು ಪುಕ್ಕಟೆಯಾಗಿ ಕಳೆದುಕೊಳ್ಳುತ್ತಿದ್ದೇವೆ. ಹೆಮ್ಮೆಪಡಲು ಇದನ್ನು ಹೇಳುತ್ತಿಲ್ಲ. ನಮ್ಮ ಪದ್ಧತಿ ಸರಳವಾಗಿದ್ದದ್ದು ಬಹುಮಟ್ಟಿಗೆ ನಮ್ಮ ಬಡತನದಿಂದ. ಕೈಗೆ ನಾಲ್ಕು ಕಾಸು ಬಂದ ಕೂಡಲೇ ಅದು ಹೇಗೆ ಬದಲಾಯಿತೆಂಬುದಕ್ಕೆ ಅಪ್ಪನ ಕಟ್ಟೆಯೇ ಸಾಕ್ಷಿ.

ಸುಡುವವರ ವಿಷಯ ಸ್ವಲ್ಪ ಜಟಿಲ. ಬಯಲಿನ ಚಿತೆಗೆ ಸಾಮಾನ್ಯವಾಗಿ 400ರಿಂದ 500 ಕೆ.ಜಿ. ಕಟ್ಟಿಗೆ ಹಿಡಿಯುತ್ತದೆ. ಇದರಲ್ಲಿ ಬಹುಪಾಲು ಶಾಖ ದೇಹವನ್ನು ಮುಟ್ಟುವುದೇ ಇಲ್ಲ, ನಾಲ್ಕು ಕಡೆ ಗಾಳಿಗೆ ಹೋಗುತ್ತದೆ. ಅಷ್ಟು ಕಟ್ಟಿಗೆ ಉರಿದಾಗ ಸುಮಾರು 600–800 ಕೆ.ಜಿ. ಇಂಗಾಲದ ಡೈಆಕ್ಸೈಡ್ ಹೊರಬೀಳುತ್ತದೆ. ಇದರ ಬಗ್ಗೆ ಒಂದು ನ್ಯಾಯದ ಮಾತು ಹೇಳಲೇಬೇಕು: ಕಡಿದ ಮರದ ಜಾಗದಲ್ಲಿ ಇನ್ನೊಂದು ಮರ ಬೆಳೆದರೆ ಆ ಇಂಗಾಲ ಮರಳಿ ಮರಕ್ಕೇ ಸೇರುತ್ತದೆ. ಬೆಳೆಯದಿದ್ದರೆ ಇಲ್ಲ. ರಾಜ್ಯದಲ್ಲಿಯೇ ಅತಿ ಕಡಿಮೆ ಅರಣ್ಯವಿರುವ ಜಿಲ್ಲೆಗಳಲ್ಲಿ ನಮ್ಮದೂ ಒಂದು. ಇಲ್ಲಿ ಚಿತೆಗೆ ಬೇವು, ಮಾವು, ಹುಣಸೆ ಕಡಿಯುವುದಕ್ಕೆ ನನ್ನ ಮನಸ್ಸು ಒಪ್ಪುವುದಿಲ್ಲ. ಬಳ್ಳಾರಿ ಜಾಲಿಯನ್ನು ಬೇಕಾದಷ್ಟು ಕಡಿಯಲಿ. ಹಳ್ಳದ ದಂಡೆ, ಗಾಂವಠಾಣ, ಸ್ಮಶಾನ ಎಲ್ಲವನ್ನೂ ಅದು ನುಂಗಿ ಕೂತಿದೆ, ಕಡಿದಷ್ಟೂ ಚಿಗುರುತ್ತದೆ, ಅದರ ಉರಿ ಗಟ್ಟಿ. ಅದರ ಜೊತೆ ಒಣ ಕುಳ್ಳು ಸೇರಿಸಿದರೆ ಹಳ್ಳಿಯ ಚಿತೆಗೆ ಬೇರೇನೂ ಬೇಡ. ಮಳೆಗಾಲದಲ್ಲಿ ಹಸಿ ಕಟ್ಟಿಗೆ ಹೊತ್ತದೆಂದು ಹಳೆಯ ಟಯರು, ಡೀಸೆಲ್ಲು ಸುರಿಯುವುದನ್ನು ಮಾತ್ರ ನಾನು ಕಣ್ಣಾರೆ ಕಂಡಿದ್ದೇನೆ. ಆ ಕಪ್ಪು ಹೊಗೆಯಲ್ಲಿ ನಿಂತು ಕೈಮುಗಿದ ಮಕ್ಕಳ ಕಣ್ಣಲ್ಲಿ ನೀರು ಬಂದದ್ದು ದುಃಖಕ್ಕೋ ಟಯರಿಗೋ ಹೇಳುವುದು ಕಷ್ಟವಾಗಿತ್ತು. ಸ್ಮಶಾನದಲ್ಲಿ ಕಟ್ಟಿಗೆ ಒಣಗಿರಲು ಒಂದು ತಗಡಿನ ಚಪ್ಪರ ಹಾಕಿಸಿದರೆ ಅರ್ಧ ಸಮಸ್ಯೆ ಅಲ್ಲಿಗೇ ತೀರುತ್ತದೆ.

ದೆಹಲಿಯ ಮೋಕ್ಷದಾ ಸಂಸ್ಥೆಯವರು 1990ರ ದಶಕದಿಂದ ತಿದ್ದುತ್ತ ಬಂದ ಚಿತಾಗಾರದಲ್ಲಿ ಕಟ್ಟಿಗೆ 150–200 ಕೆ.ಜಿ.ಗೆ ಇಳಿಯುತ್ತದೆ. ಅದರ ಗುಟ್ಟು ಕಟ್ಟಿಗೆ ಉಳಿಸಲೆಂದು ನಮ್ಮ ಅಡುಗೆಮನೆಗೆ ಬಂದ ಅಸ್ತ್ರ ಒಲೆಯ ಗುಟ್ಟೇ: ಕಟ್ಟಿಗೆಯನ್ನು ನೆಲದಿಂದ ಎತ್ತರದ ಜಾಲರಿಯ ಮೇಲಿಟ್ಟು ಕೆಳಗಿನಿಂದ ಗಾಳಿ ಬಿಡುವುದು, ಮೇಲೆ ಛಾವಣಿ ಮತ್ತು ಹೊಗೆಕೊಳವೆಯಿಂದ ಶಾಖವನ್ನು ಹಿಡಿದಿಡುವುದು. ವಿದ್ಯುತ್ ಚಿತಾಗಾರದಲ್ಲಿ ಕಟ್ಟಿಗೆಯೇ ಬೇಡ. ಆದರೆ ಆ ವಿದ್ಯುತ್ತು ಎಲ್ಲಿಂದ ಬರುತ್ತದೆಂದು ನಮ್ಮ ಜಿಲ್ಲೆಯವರು ಕೇಳದಿದ್ದರೆ ಯಾರು ಕೇಳಬೇಕು? ಕಲ್ಲಿದ್ದಲು ಉರಿಸುವ ಕೂಡಗಿಯ 2400 ಮೆಗಾವಾಟ್ ವಿದ್ಯುತ್ ಸ್ಥಾವರದ ಚಿಮಣಿಗಳು ನಮ್ಮ ಕಣ್ಣ ಮುಂದೆಯೇ ಇವೆ. ಹೊಗೆ ಸ್ಮಶಾನದಿಂದ ಕೂಡಗಿಗೆ ವರ್ಗವಾಗುತ್ತದೆ ಅಷ್ಟೆ. ಅಲ್ಲದೆ ಕುಲುಮೆ ಸಾವಿರ ಡಿಗ್ರಿಯ ಹತ್ತಿರ ಕಾಯಬೇಕಾದ್ದರಿಂದ ದೊಡ್ಡ ನಗರದಲ್ಲಿ ಒಂದರ ಹಿಂದೊಂದು ದಹನವಾದಾಗ ಮಾತ್ರ ಅದು ಲಾಭಕರ. ದಿನಕ್ಕೊಂದು ದೇಹ ಬರುವ ಊರಿನಲ್ಲಿ ಪ್ರತಿ ಸಲವೂ ತಣ್ಣನೆಯ ಕುಲುಮೆಯನ್ನು ಮೊದಲಿನಿಂದ ಕಾಯಿಸಬೇಕು. ಗ್ಯಾಸಿನದು ಬೇಗ ಕಾಯುತ್ತದೆ. ನಮ್ಮಂಥ ಮಧ್ಯಮ ಗಾತ್ರದ ಊರುಗಳಿಗೆ ಅದೇ ಹೊಂದುತ್ತದೆಂದು ನನ್ನ ಎಣಿಕೆ.

ಹೂಳುವವರಾದ ನಾವು ಇದನ್ನೆಲ್ಲ ಕೇಳಿ ಸಮಾಧಾನದಿಂದ ಕೂಡುವಂತಿಲ್ಲ. ಅವ್ವನ ಮಣ್ಣು ಮುಗಿಸಿ ಬಂದ ರಾತ್ರಿ ನಾನು ಅಪ್ಪನ ಕಟ್ಟೆಯ ಲೆಕ್ಕ ಹಾಕಿದೆ. ಅದಕ್ಕೆ ಹದಿನೈದು ಚೀಲ ಸಿಮೆಂಟು ಹಿಡಿದಿತ್ತು. ಸುಣ್ಣಕಲ್ಲನ್ನು ಕಾಯಿಸಿದಾಗ ಕಲ್ಲಿನೊಳಗಿನ ಇಂಗಾಲವೇ ಹೊರಬೀಳುತ್ತದೆ, ಕಾಯಿಸಲು ಉರಿಸುವ ಕಲ್ಲಿದ್ದಲಿನದು ಬೇರೆ. ಎಲ್ಲ ಸೇರಿ 50 ಕೆ.ಜಿ. ಚೀಲವೊಂದಕ್ಕೆ 30–40 ಕೆ.ಜಿ. ಇಂಗಾಲದ ಡೈಆಕ್ಸೈಡ್. ಹದಿನೈದು ಚೀಲಕ್ಕೆ 500 ಕೆ.ಜಿ.ಯ ಆಸುಪಾಸು. ಟೈಲ್ಸು, ಉಸುಕು, ಕಬ್ಬಿಣ, ಟ್ರ್ಯಾಕ್ಟರಿನ ಬಾಡಿಗೆ ಇದರಲ್ಲಿ ಸೇರಿಲ್ಲ. ಅಂದರೆ ಅಪ್ಪನನ್ನು ಸುಡಲಿಲ್ಲವಾದರೂ ಒಂದು ಚಿತೆಯ ಹೊಗೆಯನ್ನು ನಾವು ಹೊರಡಿಸಿಯೇ ಇದ್ದೆವು, ಅದೂ ಮರ ಬೆಳೆಸಿ ತುಂಬಿಕೊಡಲು ಬರುವ ಹೊಗೆಯಲ್ಲ. ಇತ್ತೀಚೆಗೆ ಟೈಲ್ಸಿನ ಜಾಗಕ್ಕೆ ಇಳಕಲ್ಲಿನ ಕೆಂಪು ಗ್ರಾನೈಟು ಬಂದಿದೆ. ಭೂಮಿಯ ಒಂದು ಕಡೆ ಗುಡ್ಡ ಕೊರೆದು ಹೊಂಡ ಮಾಡಿ, ಇನ್ನೊಂದು ಕಡೆ ಹೊಂಡ ಮುಚ್ಚಿ ಗುಡ್ಡ ಮಾಡುವ ಈ ಕೆಲಸದಲ್ಲಿ ತೀರಿಕೊಂಡವರ ಪಾತ್ರ ಬಹಳ ಕಡಿಮೆ.

ಕಟ್ಟೆಯ ಮಾತು ಬಂದಾಗ ವಿಜಯಪುರದಲ್ಲಿ ನಿಂತು ಗೋಲಗುಮ್ಮಟದ ಹೆಸರೆತ್ತದಿರಲು ಸಾಧ್ಯವಿಲ್ಲ. 1656ರಲ್ಲಿ ತೀರಿಕೊಂಡ ಮಹಮ್ಮದ್ ಆದಿಲ್ ಶಾಹನ ಸಮಾಧಿ ಅದು. ಒಳಗಿನ ಹಜಾರ 135 ಅಡಿ ಚೌಕ, ಅಂದರೆ 18,225 ಚದರ ಅಡಿ. ಏಳಡಿಗೆ ಮೂರಡಿಯಂತೆ, ದಾರಿ ಬಿಡದೆ ಲೆಕ್ಕ ಹಾಕಿದರೆ ಎಂಟುನೂರಕ್ಕೂ ಹೆಚ್ಚು ಕುಣಿಗಳ ಜಾಗ. ಪ್ರವಾಸಿಗರು ವೇದಿಕೆಯ ಮೇಲೆ ನೋಡಿ ಬರುವ ಗೋರಿಗಳು ಗುರುತಿಗಷ್ಟೇ ಇಟ್ಟವು. ನಿಜವಾದ ಗೋರಿಗಳಿರುವುದು ಕೆಳಗಿನ ನೆಲಮಾಳಿಗೆಯಲ್ಲಿ. ಅಷ್ಟು ಕಲ್ಲು ಹೇರಿದ ಮೇಲೂ ಸುಲ್ತಾನನಿಗೆ ಸಿಕ್ಕದ್ದು ಮಣ್ಣೇ. ಅವನ ಮಗ ಎರಡನೆಯ ಅಲಿ ಆದಿಲ್ ಶಾಹ ಕಟ್ಟಿಸಲು ತೊಡಗಿದ ಬಾರಾ ಕಮಾನು ಪೂರ್ತಿಯಾಗದೆ ನಿಂತಿದೆ. ನಾನು ಇವುಗಳ ಚೆಲುವನ್ನು ಹಳಿಯುವವನಲ್ಲ. ಪ್ರತಿ ಸಲವೂ ಬೆರಗಿನಿಂದಲೇ ನೋಡಿದ್ದೇನೆ. ಆದರೆ ಇದೇ ಊರಿನಲ್ಲಿ, 2023ರ ಜನವರಿ 2ರಂದು ಜ್ಞಾನಯೋಗಾಶ್ರಮದ ಸಿದ್ಧೇಶ್ವರ ಸ್ವಾಮೀಜಿಯವರು ಲಿಂಗೈಕ್ಯರಾದರು. ಅವರು ಮೊದಲೇ ಬರೆದಿಟ್ಟಿದ್ದ ಪತ್ರದಲ್ಲಿ ಹೇಳಿದ್ದು ಇಷ್ಟು: ದೇಹವನ್ನು ಭೂಮಿಯಲ್ಲಿ ಇಡದೆ ಅಗ್ನಿಗೆ ಒಪ್ಪಿಸಬೇಕು, ಶ್ರಾದ್ಧದ ವಿಧಿಗಳು ಬೇಡ, ಭಸ್ಮವನ್ನು ನದಿಗೋ ಸಾಗರಕ್ಕೋ ಬಿಡಬೇಕು, ಯಾವ ಸ್ಮಾರಕವನ್ನೂ ಕಟ್ಟಬಾರದು. ಹೂಳುವ ಸಂಪ್ರದಾಯದ ನಡುವೆ ಬಾಳಿದವರು ಬೆಂಕಿಯನ್ನು ಯಾಕೆ ಆರಿಸಿಕೊಂಡರೆಂದು ಅಂದು ಬಹಳ ಜನ ಚರ್ಚಿಸಿದರು. ನನಗೆ ಅನ್ನಿಸಿದ್ದು ಬೇರೆ. ಸಮಾಧಿ ಇದ್ದರೆ ಅದರ ಮೇಲೆ ಗದ್ದುಗೆ ಬರುತ್ತದೆ, ಗದ್ದುಗೆಗೆ ಗುಡಿ ಬರುತ್ತದೆ, ಗುಡಿಗೆ ಕಂಪೌಂಡು ಬರುತ್ತದೆ. ಭಕ್ತರ ಕೈಯನ್ನು ಬಲ್ಲವರೇ ಅಂಥ ಪತ್ರ ಬರೆಯಲು ಸಾಧ್ಯ. ಅವರ ಆಯ್ಕೆಯಲ್ಲಿ ಬೆಂಕಿಗಿಂತಲೂ ನಾಲ್ಕನೆಯ ಮಾತೇ ದೊಡ್ಡದು.

ಬೂದಿಯ ಬಗ್ಗೆ ಎರಡು ಮಾತು. ವಯಸ್ಕರ ಅಸ್ಥಿಯ ಬೂದಿ ಎರಡು-ಮೂರು ಕೆ.ಜಿ. ಇರುತ್ತದೆ, ಬಹುಪಾಲು ಕ್ಯಾಲ್ಸಿಯಂ ಫಾಸ್ಫೇಟು. ಕೃಷ್ಣೆಯಂಥ ನದಿಗೆ ಅಷ್ಟರಿಂದ ಕೇಡಾಗುವುದಿಲ್ಲ. ಕೇಡಾಗುವುದು ಬೂದಿಯ ಜೊತೆ ಹೋಗುವ ಪ್ಲಾಸ್ಟಿಕ್ ಚೀಲ, ಬಟ್ಟೆಯ ಗಂಟು, ಹಾರ, ಕನ್ನಡಿ ಹಾಕಿಸಿದ ಫೋಟೋಗಳಿಂದ. ಕೊರ್ತಿ-ಕೊಲ್ಹಾರದ ಸೇತುವೆಯ ಬಳಿಯಲ್ಲೋ ಕೂಡಲಸಂಗಮದಲ್ಲೋ ನೀರು ಇಳಿದಾಗ ಒಂದು ಸಲ ದಂಡೆಗುಂಟ ನಡೆದು ನೋಡಿ. ಅಲ್ಲಿ ನೀರೂ ಈಗ ಹರಿಯುವ ನೀರಲ್ಲ, ಆಣೆಕಟ್ಟುಗಳ ಹಿನ್ನೀರು. ಕೂಡಲಸಂಗಮದಲ್ಲಿ ಬಸವಣ್ಣನವರ ಐಕ್ಯಸ್ಥಳವನ್ನೇ ಗೋಡೆ ಕಟ್ಟಿ ನೀರಿನಿಂದ ಕಾಯಬೇಕಾಗಿದೆ. ಬಿಟ್ಟದ್ದು ಮುಂದೆ ಹೋಗುವುದಿಲ್ಲ. ಬೂದಿಯನ್ನು ಗಿಡದ ಬುಡಕ್ಕೆ ಹಾಕಬಹುದೇ ಎಂದು ಕೇಳುವವರಿದ್ದಾರೆ. ಎಲ್ಲವನ್ನೂ ಒಂದೇ ಸಸಿಗೆ ಸುರಿದರೆ ಅದರ ಕ್ಷಾರ ಸಸಿಯನ್ನೇ ಸುಡುತ್ತದೆ, ನಮ್ಮ ಎರಿ ಮಣ್ಣು ಮೊದಲೇ ಕ್ಷಾರದ್ದು. ಗೊಬ್ಬರದ ಜೊತೆ ಬೆರೆಸಿ, ದೊಡ್ಡ ಮರಗಳ ಸುತ್ತ ತೆಳುವಾಗಿ ಹರಡಬಹುದು.

ಹಿನ್ನೀರಿನ ಮಾತು ಹೂಳುವವರಿಗೂ ಸಂಬಂಧಿಸಿದ್ದು. ಆಲಮಟ್ಟಿಯಿಂದ ಮುಳುಗಿದ ಊರುಗಳ ಜೊತೆ ಅವುಗಳ ಸ್ಮಶಾನಗಳೂ ಮುಳುಗಿದವು. ಬಾಗಲಕೋಟೆಯ ಕಡೆ ಹಿರಿಯರ ಸಮಾಧಿಗೆ ದೀಪ ಹಚ್ಚಲು ನೀರಿನ ಕಡೆ ಮುಖ ಮಾಡಿ ನಿಲ್ಲುವ ಮನೆತನಗಳಿವೆ. ಹೊಸ ಜಾಗ ಕೊಡುವಾಗ ಯಾರಿಗೂ ಬೇಡದ ಮಡ್ಡಿಯನ್ನೋ ಹಳ್ಳದ ತಗ್ಗನ್ನೋ ಕೊಡುವುದು ರೂಢಿ. ಮಡ್ಡಿಯಲ್ಲಿ ಹಾರಿ ಇಳಿಯುವುದಿಲ್ಲ, ತಗ್ಗಿನಲ್ಲಿ ನೀರು ಮೇಲೆಯೇ ಇರುತ್ತದೆ. ಬ್ರಿಟನ್ನಿನಲ್ಲಿ ಕುಡಿಯುವ ನೀರಿನ ಬಾವಿಯಿಂದ 250 ಮೀಟರ್, ಹಳ್ಳ-ಒರತೆಯಿಂದ 30 ಮೀಟರ್ ದೂರವಿರಬೇಕು, ಕುಣಿಯ ತಳಕ್ಕೂ ಅಂತರ್ಜಲಕ್ಕೂ ನಡುವೆ ಒಂದು ಮೀಟರ್ ಒಣ ಮಣ್ಣಾದರೂ ಇರಬೇಕೆಂದು ನಿಯಮ ಮಾಡಿದ್ದಾರೆ. ನಮ್ಮ ಪಂಚಾಯಿತಿಗಳು ಇಷ್ಟನ್ನು ಅಳೆದು ನೋಡಿದರೆ ಸಾಕು. ಜಾಗವೇ ಇಲ್ಲದ ಊರುಗಳೂ ಇವೆ. ಸ್ಮಶಾನಕ್ಕೆ ಭೂಮಿ ಒದಗಿಸಿರೆಂದು ಹೈಕೋರ್ಟೇ ಸರ್ಕಾರಕ್ಕೆ ನಿರ್ದೇಶಿಸಬೇಕಾಯಿತು. ಹೊಲವಿದ್ದವನು ಹೊಲದಲ್ಲಿ ಇಡುತ್ತಾನೆ, ಹೊಲವಿಲ್ಲದವನು ದಾರಿಯ ಬದಿಯಲ್ಲಿ ಹೆಣವಿಟ್ಟುಕೊಂಡು ಕಾಯುತ್ತಾನೆ. ಇಂಥಲ್ಲಿ ಒಬ್ಬೊಬ್ಬರಿಗೆ ಒಂದೊಂದು ಕಾಯಂ ಕಟ್ಟೆಯೆಂದರೆ, ಮುಂದಿನವರ ಜಾಗವನ್ನು ಹಿಂದಿನವರ ಹೆಸರಿನಲ್ಲಿ ಕಸಿದ ಹಾಗೆ. ಹಳೆಯ ಕಬರಸ್ತಾನಗಳಲ್ಲಿ ವರ್ಷಗಳು ಕಳೆದ ಮೇಲೆ ಅದೇ ನೆಲದಲ್ಲಿ ಮತ್ತೊಬ್ಬರನ್ನು ಇಡುವುದು ಹೊಸದಲ್ಲ. ಮಣ್ಣಿನ ದಿಬ್ಬ ತಾನಾಗಿ ಕೂತು, ಹುಲ್ಲು ಬೆಳೆದು, ಸಮನಾದರೆ ಮಾತ್ರ ಅದು ಸಾಧ್ಯ.

ಗುರುತು ಬೇಕೆನ್ನುವವರ ಮನಸ್ಸನ್ನು ನಾನು ಬಲ್ಲೆ, ನನಗೂ ಬೇಕು. ಅವ್ವನ ತಲೆದೆಸೆಯಲ್ಲಿ, ಮೊದಲ ಮಳೆಗೆ ಮಣ್ಣು ಕೂತ ಮೇಲೆ, ಕುಣಿಯಿಂದ ನಾಲ್ಕಡಿ ದೂರದಲ್ಲಿ ಒಂದು ಪತ್ರಿಗಿಡ (ಬಿಲ್ವ) ಹಚ್ಚಿದ್ದೇವೆ. ಕುಣಿಯ ಮೇಲೆಯೇ ಹಚ್ಚಿದರೆ ಸಡಿಲ ಮಣ್ಣು ಕುಸಿದು ಸಸಿ ವಾಲುತ್ತದೆ, ಮೊದಲ ವರ್ಷದ ಸಾರಜನಕದ ಅಬ್ಬರಕ್ಕೆ ಬೇರೂ ತಾಳದು. ಬೇವು, ಹೊಂಗೆ, ಬನ್ನಿ ಯಾವುದಾದರೂ ನಡೆಯುತ್ತದೆ. ನೀರು ಹಾಕುವವರಿಲ್ಲದ ಕಡೆ ಬನ್ನಿಯೇ ಮೇಲು. ಜಿಲ್ಲೆಯಲ್ಲಿ ಕೋಟಿ ವೃಕ್ಷ ಅಭಿಯಾನದ ಸಸಿಗಳಿಗೆ ಜಾಗ ಹುಡುಕಿದವರಿಗೆ ಪ್ರತಿ ಊರಿನ ಸ್ಮಶಾನವೂ ಒಂದು ಜಾಗವಾಗಬಹುದಿತ್ತು. ಅಲ್ಲಿ ಮರ ಕಡಿಯಲು ಜನ ಹೆದರುತ್ತಾರೆಂಬುದು ಹೆಚ್ಚಿನ ಅನುಕೂಲ.

ಉಳಿದವು ಸಣ್ಣ ಸಂಗತಿಗಳು, ಆದರೆ ಕಣ್ಣಿಗೆ ರಾಚುವಂಥವು. ಮನುಷ್ಯ ಕಣ್ಣು ಮುಚ್ಚಿದ ಎರಡು ತಾಸಿನೊಳಗೆ ಕಂಬಕ್ಕೊಂದು ಭಾವಪೂರ್ಣ ಶ್ರದ್ಧಾಂಜಲಿಯ ಫ್ಲೆಕ್ಸು ಏರುತ್ತದೆ. ಫ್ಲೆಕ್ಸು, ಥರ್ಮಾಕೋಲ್ ತಟ್ಟೆ, ಪ್ಲಾಸ್ಟಿಕ್ ಚೀಲಗಳನ್ನು ರಾಜ್ಯದಲ್ಲಿ 2016ರಲ್ಲಿಯೇ ನಿಷೇಧಿಸಿದ್ದಾರೆ. ದುಃಖದ ಮನೆಗೆ ಹೋಗಿ ಅದನ್ನು ಹೇಳುವ ಧೈರ್ಯ ಯಾವ ಅಧಿಕಾರಿಗೂ ಇಲ್ಲ, ಇರಬೇಕೆಂದು ನಾನು ಬಯಸುವುದೂ ಇಲ್ಲ. ಹೇಳಬೇಕಾದವರು ಓಣಿಯ ಹಿರಿಯರು. ಬಿದಿರು, ಬಾಳೆದಿಂಡು, ಹೂವಿನಿಂದ ಕಟ್ಟುತ್ತಿದ್ದ ವಿಮಾನಕ್ಕೆ ಈಗ ಥರ್ಮಾಕೋಲ್ ಕಮಾನು ಬಂದಿದೆ. ಹಾದಿಯುದ್ದಕ್ಕೂ ತೂರುವ ಚುರಮುರಿಯನ್ನು ಇರುವೆ-ಗುಬ್ಬಿಗಳು ಮುಗಿಸುತ್ತವೆ. ತೂರಿದ ಮೇಲೆ ಬಿಸಾಡಿದ ಅದರ ಪಾಕೀಟು ಗಟಾರದಲ್ಲಿ ಉಳಿಯುತ್ತದೆ. ಪುಣೆ, ಬೆಂಗಳೂರಿನಿಂದ ಮಕ್ಕಳು ಬರುವತನಕ ಫ್ರೀಜರ್ ಪೆಟ್ಟಿಗೆ, ಅವರ ಹಿಂದೆ ಹತ್ತಾರು ಕಾರು. ಇದನ್ನು ಮಾತ್ರ ಬೇಡವೆನ್ನಲು ನನ್ನ ನಾಲಿಗೆ ಏಳುವುದಿಲ್ಲ. ಮುಖ ನೋಡಲು ಬರುವವರ ಲೆಕ್ಕವನ್ನು ಇಂಗಾಲದಲ್ಲಿ ಹಾಕಬಾರದು.

ಮಾತು ಮುಗಿದ ಮೇಲೆ ಹಿಂದಿನ ಸಾಲಿನಿಂದ ಒಬ್ಬ ಅಜ್ಜಿ ಎದ್ದು ಕೇಳಿದರು: 'ಎಲ್ಲಾ ಖರೆ ಐತ್ರಿ ಸರ. ನನ್ನ ಮಣ್ಣಿಗೆ ಹತ್ತೀ ಸೀರೀನ ಉಡಸ್ರಿ ಅಂತ ಹೇಳಿ ಇಡತೀನಿ. ಆದ್ರ ಈಗಿನ ಇಳಕಲ್ ಸೀರಿಯೊಳಗೂ ಹತ್ತಿ ಯಾವ್ದು, ಪಾಲಿಸ್ಟರ್ ಯಾವ್ದು ಅಂತ ಹೆಂಗ ತಿಳೀಬೇಕ್ರಿ?' ಅಂದಿನ ಪ್ರಶ್ನೆಗಳಲ್ಲಿ ಇದೇ ಮೇಲಾದದ್ದು. ಸೆರಗಿನ ಅಂಚಿನಿಂದ ಒಂದು ಎಳೆ ಕಿತ್ತು ಕಡ್ಡಿ ಗೀರಿ ಹಿಡಿಯಿರಿ, ಎಂದೆ. ಹತ್ತಿಯಾದರೆ ಕಾಗದ ಸುಟ್ಟ ವಾಸನೆ ಬಂದು ಮೆತ್ತನೆಯ ಬೂದಿಯಾಗುತ್ತದೆ. ರೇಷ್ಮೆಯಾದರೆ ಕೂದಲು ಸುಟ್ಟ ವಾಸನೆ. ಪಾಲಿಸ್ಟರ್ ಆದರೆ ಉರಿಯಿಂದ ಹಿಂದೆ ಸರಿದು, ಕರಗಿ, ಗಟ್ಟಿ ಮಣಿಯಾಗುತ್ತದೆ. ತೋರಿಸಿರೆಂದರು. ನನ್ನ ಬಳಿ ಬೇರೆ ಬಟ್ಟೆಯಿರಲಿಲ್ಲವಾದ್ದರಿಂದ, ಆಗಷ್ಟೇ ಸಂಘಟಕರು ಪ್ರೀತಿಯಿಂದ ನನಗೆ ಹೊದಿಸಿದ್ದ ಶಾಲಿನ ಒಂದು ಎಳೆಯನ್ನು ಎಳೆದು ಕಡ್ಡಿ ಗೀರಿದೆ. ಅದು ಸುರುಟಿಕೊಂಡು ಸಾಸಿವೆ ಕಾಳಿನಷ್ಟು ಕಪ್ಪು ಮಣಿಯಾಯಿತು. ಅಜ್ಜಿ ಮುಂದೆ ಬಂದು ಅದನ್ನು ಅಂಗೈಯಲ್ಲಿ ಹಾಕಿಸಿಕೊಂಡು, ಉಗುರಿನಿಂದ ಒತ್ತಿ ನೋಡಿದರು. ಒಡೆಯಲಿಲ್ಲ.